ಎರಡನೇ ಹಿಸ್ಸಾ

ನೆಲೋಗಿ
11 ಜೂನ್ 2023

ಮಧು,

ವಾರದಿಂದ ಫೋನು ಮಾಡುತ್ತಿದ್ದೇನೆ, ನೀನು ಎತ್ತುತ್ತಿಲ್ಲ. ಖಜೂರಿಯಲ್ಲಿ ಸಿಗ್ನಲ್ ಸರಿ ಇರಲಿಕ್ಕಿಲ್ಲ ಎಂದು ನನಗೆ ನಾನೇ ಹೇಳಿಕೊಂಡೆ. ಆಮೇಲೆ ನಿನ್ನ ಶಾಲೆಯ ವಿಳಾಸಕ್ಕೆ ಕಾಗದ ಹಾಕುವುದೇ ಮೇಲು ಎನಿಸಿತು. ಟೀಚರ ಹೆಸರಿಗೆ ಬಂದ ಟಪಾಲನ್ನು ಹೆಡ್‌ಮಾಸ್ತರರು ಎಲ್ಲರೆದುರು ಕೈಗೆ ಕೊಡುತ್ತಾರೆ, ಒಡೆಯದೆ ನಿನಗೆ ಬೇರೆ ದಾರಿ ಇರುವುದಿಲ್ಲ.

ನಿಮ್ಮಪ್ಪ ನಿನಗೆ ಒಂದು ರೀತಿ ಹೇಳಿರುತ್ತಾರೆ. ನನ್ನ ಬಾಯಿಂದಲೂ ಕೇಳು.

ನಮ್ಮಪ್ಪ ಚಂದ್ರಾಮ ಇದ್ದಾಗ ಆ ಸರ್ವೆ ನಂಬರು ಪೂರ್ತಿ ನಮ್ಮದಿತ್ತು. ಮೂಡಲ ಭಾಗವನ್ನು ನಿಮ್ಮಪ್ಪ ಕೊಂಡರು. ಒಂದನೇ ಹಿಸ್ಸಾ ನಮ್ಮದು, ಎರಡನೇ ಹಿಸ್ಸಾ ನಿಮ್ಮದು ಎಂದು ಪಹಣಿಯಲ್ಲಿ ಬಂತು. ನಕ್ಷೆಯಲ್ಲಿ ನಡುವೆ ಗೆರೆ ಎಳೆಯಲು ಮಾತ್ರ ಯಾರೂ ಬರಲಿಲ್ಲ. ಬದು ಎಲ್ಲಿದೆ ಎಂದು ಎರಡೂ ಮನೆಗೆ ಗೊತ್ತಿತ್ತು, ಹಾಗಾಗಿ ಯಾರೂ ಅದರ ಬಗ್ಗೆ ತಲೆ ಕೆಡಿಸಿಕೊಳ್ಳಲಿಲ್ಲ. ಕಾಲುವೆಗೆ ಜಮೀನು ತೆಗೆದುಕೊಳ್ಳುವ ನೋಟೀಸು ಬಂದಾಗ ಅದು ಒಂದನೇ ಹಿಸ್ಸಾದ ಮೇಲೆ, ನನ್ನ ಹೆಸರಿಗೆ ಬಂತು. ನಮ್ಮ ಹೊಲದ ಅಂಚು ಹೋಗುತ್ತದೆ ಎಂದುಕೊಂಡೆ. ಜೆಸಿಬಿ ಬಂದು ಅಗೆದದ್ದು ನಿಮ್ಮ ಹೊಲವನ್ನು. ಅವತ್ತೇ ಅಲ್ಲಿದ್ದ ಇಂಜಿನಿಯರನನ್ನು ಕೇಳಿದೆ. "ಸರ್ವೆ ನಂಬರ್ ಒಂದೇ ಅದಲ್ರಿ ಮೇಡಂ, ಆಫೀಸಿನಾಗ ಸರಿ ಮಾಡ್ತಾರ" ಅಂದ.

ಸರಿ ಮಾಡಲಿಲ್ಲ. ನೆಲ ನಿಮ್ಮದು ಹೋಯಿತು, ಪರಿಹಾರ ಹೋದ ತಿಂಗಳು ನನ್ನ ಖಾತೆಗೆ ಬಂದು ಕೂತಿತು. ನಾನು ಅರ್ಜಿ ಹಾಕಿಲ್ಲ, ಸಹಿ ಮಾಡಿಲ್ಲ. ಇತ್ತ ನನ್ನ ಹೊಲ ಕಾಗದದ ಮೇಲೆ ಸರ್ಕಾರದ್ದು. ಬೆಳೆ ಸಾಲಕ್ಕೆ ಸೊಸೈಟಿಗೆ ಹೋದರೆ ಸೆಕ್ರೆಟರಿ ಪಹಣಿ ನೋಡಿ, "ನಿಮ್ಮ ಹೆಸರಿನಾಗ ಭೂಮಿನೇ ಇಲ್ಲಲ್ರಿ ಅಕ್ಕಾ" ಅಂದ. ಆ ಹೊತ್ತಿಗೆ ನನ್ನ ಗಂಡ ಧರ್ಮರಾಜ ಅದೇ ಹೊಲದಲ್ಲಿ ಕುಂಟೆ ಹೊಡೆಯುತ್ತಿದ್ದ.

ಹಣ ಯಾರದೋ ಅವರಿಗೆ ಮುಟ್ಟಲಿ ಎಂದು ಚೆಕ್ಕು ಬರೆಸಿಕೊಂಡು ನಿಮ್ಮ ಮನೆಗೆ ಹೋದೆ. ಅಂಬುಬಾಯಿ ಕಾಕಿ ಚಹಾ ಕೊಟ್ಟಳು. ದಶರಥ ಕಾಕಾ ಚೆಕ್ಕನ್ನು ನೋಡಿದರು, ಮುಟ್ಟಲಿಲ್ಲ.

"ಇದನ್ನ ತಗೊಂಡ್ ಹೋಗವ್ವಾ" ಅಂದರು.

"ಕಾಕಾ, ನಿಮ್ಮದೇ ರೊಕ್ಕ ಅದ್ರಿ."

"ನಂದು ಅಂತ ಯಾರ್ ಹೇಳ್ಯಾರ? ಹೆಸರು ಯಾರದದ ನೋಡು. ನಿಮ್ಮ ಮನಿಯಿಂದ ನಾ ಏನೂ ತಗೊಳ್ಳೂದಿಲ್ಲ."

ಎದ್ದು ಒಳಗೆ ಹೋದರು. ಓಣಿಯ ಜನ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. ಕದ್ದ ಮಾಲು ತಂದವಳ ಹಾಗೆ ಚೆಕ್ಕು ಮಡಚಿಕೊಂಡು ಹೊರಗೆ ಬಂದೆ. ನಾನು ಮಾಡಿದ ತಪ್ಪು ಏನು, ಅದಷ್ಟು ಬರೆದು ಕಳಿಸು.

ಶಿವಕಾಂತಾ


ಖಜೂರಿ
2 ಜುಲೈ 2023

ಶಿವಕಾಂತಾ,

ಸಿಗ್ನಲ್ ಸರಿಯಾಗಿಯೇ ಇದೆ. ನೀನು ಫೋನು ಮಾಡಿದ್ದನ್ನು ನೋಡಿದ್ದೇನೆ. ಎತ್ತಿದ್ದರೆ ಇಬ್ಬರೂ ಕೂಗಾಡುತ್ತಿದ್ದೆವು. ಕಾಗದದಲ್ಲಾದರೆ ಒಬ್ಬಳ ಮಾತು ಮುಗಿಯುವವರೆಗೆ ಇನ್ನೊಬ್ಬಳು ಕಾಯಬೇಕು. ಇನ್ನು ಮುಂದೆ ಹೀಗೇ ಬರೆ.

ನೀನು ತಪ್ಪು ಮಾಡಿಲ್ಲ. ಅಪ್ಪನೂ ಹಾಗೆ ಹೇಳಲಿಲ್ಲ. "ಹುಡುಗಿ ಛಲೋ ಮನಸಿನಾಕಿ. ಆಕಿಗಿ ಏನ್ ಗೊತ್ತದ" ಎಂದಷ್ಟೇ ಹೇಳಿದರು. ನಿನಗೆ ಗೊತ್ತಿಲ್ಲದ್ದನ್ನು ಹೇಳಬೇಕೋ ಬೇಡವೋ ಎಂದು ಇಷ್ಟು ದಿನ ಯೋಚಿಸಿದೆ. ಶಾಲೆಯಲ್ಲಿ ಐದು ವರ್ಷ ಒಂದೇ ಬೆಂಚಿನಲ್ಲಿ ಕೂತಾಗ ಹೇಳಲಿಲ್ಲ. ಈಗ ಹೇಳುತ್ತೇನೆ.

ನಮ್ಮಜ್ಜಿ ನಿಮ್ಮ ಹೊಲಗಳಲ್ಲಿ ಕೆಲಸ ಮಾಡಿದವಳು. ರಾಶಿಯ ದಿನ ಕಣದ ಅಂಚಿನಲ್ಲಿ ಸೆರಗು ಚಾಚಿ ನಿಲ್ಲಬೇಕಿತ್ತಂತೆ. ಕೈಗೆ ಕೈ ತಾಗಬಾರದೆಂದು ಜೋಳವನ್ನು ಎತ್ತರದಿಂದ ಸುರಿಯುತ್ತಿದ್ದರಂತೆ. ಅರ್ಧ ಕಾಳು ನೆಲಕ್ಕೆ ಬೀಳುತ್ತಿತ್ತು, ಅದನ್ನು ಆರಿಸುವುದು ಅಪ್ಪನ ಪಾಲಿನ ಕೆಲಸ. ಅದಕ್ಕೇ ಅವರು ಶಹಾಬಾದದ ಕಲ್ಲುಗಣಿಗೆ ಹೋದದ್ದು. ಬೆನ್ನು ಬಗ್ಗುವವರೆಗೆ ಅಲ್ಲಿ ದುಡಿದು ಬಂದು ನಿಮ್ಮಪ್ಪನಿಂದ ಆ ಹೊಲ ಕೊಂಡರು. ನಿಮ್ಮಪ್ಪ ಒಳ್ಳೆಯವರು, ಸರಿಯಾದ ಬೆಲೆಗೆ ಕೊಟ್ಟರು, ಅದನ್ನು ನಾವು ಮರೆತಿಲ್ಲ. ಆದರೆ ನೀನು ಅವತ್ತು ಚೆಕ್ಕು ಚಾಚಿ ನಿಂತಾಗ ಅಪ್ಪನಿಗೆ ಕಂಡದ್ದು ನೀನಲ್ಲ.

ಅವರಿಗೆ ಬೇಕಾದದ್ದು ಇಷ್ಟೇ. ನೆಲ ಹೋದದ್ದು ದಶರಥನದು ಎಂದು ತೆಗೆದುಕೊಂಡವರು ಬರೆಯಬೇಕು, ಪರಿಹಾರವನ್ನೂ ಅವರೇ ಕೊಡಬೇಕು. ಅಪ್ಪನ ಜೊತೆ ಒಮ್ಮೆ ಭೂಸ್ವಾಧೀನದ ಆಫೀಸಿಗೆ ಹೋಗಿ ಬರುತ್ತೀಯಾ? ಇಬ್ಬರೂ ಕೂಡಿ ಅರ್ಜಿ ಕೊಟ್ಟರೆ ಕೇಳಬಹುದು. ನನಗೆ ಈ ತಿಂಗಳು ರಜೆ ಸಿಗುವುದಿಲ್ಲ.

ಮಧುಮತಿ


ನೆಲೋಗಿ
20 ಆಗಸ್ಟ್ 2023

ಮಧು,

ನಿನ್ನ ಕಾಗದ ಓದಿ ನಮ್ಮವ್ವನ ಮುಂದೆ ಕೂತು ಕೇಳಿದೆ, ಕಣದ ಮಾತು ಖರೆಯೇ ಎಂದು. ಅವ್ವ ತೊಗರಿಬೇಳೆ ಹಸನು ಮಾಡುತ್ತಿದ್ದಳು, ಮಾಡುತ್ತಲೇ ಇದ್ದಳು. ಆ ದಿನ ಊಟಕ್ಕೂ ನನ್ನನ್ನು ಕರೆಯಲಿಲ್ಲ. ಅದರ ಬಗ್ಗೆ ಇದಕ್ಕಿಂತ ಹೆಚ್ಚು ನನಗೆ ಬರೆಯಲು ಬರುವುದಿಲ್ಲ.

ಕಾಕಾನ ಜೊತೆ ಆಫೀಸಿಗೆ ಹೋದೆ. ಒಮ್ಮೆ ಅಲ್ಲ, ಎಷ್ಟು ಸಲ ಎಂದು ಎಣಿಸುವುದನ್ನು ಬಿಟ್ಟಿದ್ದೇನೆ. ನೆಲೋಗಿಯಿಂದ ಬೆಳಗಿನ ಬಸ್ಸು ಹಿಡಿದು ಹೋಗುವುದು, ಸಾಹೇಬರು ಮೀಟಿಂಗಿಗೆ ಹೋಗಿದ್ದಾರೆ ಎಂದು ಕೇಳಿಸಿಕೊಂಡು ಬರುವುದು. ಕಡೆಗೆ ಒಬ್ಬ ಗುಮಾಸ್ತ ನಮ್ಮ ಅರ್ಜಿಯನ್ನು ಓದಿದ.

"ಭೂಮಿ ಹೋದವ್ರು ಬರಬೇಕ್ರಿ" ಅಂದ.

"ಇವರದೇ ಹೋಗ್ಯದ್ರಿ" ಅಂತ ಕಾಕಾನನ್ನು ತೋರಿಸಿದೆ.

ಕಂಪ್ಯೂಟರು ನೋಡಿದ. "ಇವರ ಹೆಸರಿಲ್ಲಲ್ರಿ. ಇವರ ಭೂಮಿ ಇದ್ದಂಗೇ ಅದ."

"ಇದ್ದಂಗ ಇಲ್ರಿ, ಅದರಾಗ ಕಾಲುವಿ ಅದ."

"ನೀವು ಯಾರು?"

"ನಾ ರೊಕ್ಕ ಬಂದಾಕಿ."

"ರೊಕ್ಕ ಬಂದ ಮ್ಯಾಲ ನಿಮ್ಮ ತಕರಾರು ಏನ್ರಿ?"

"ವಾಪಸ್ ತಗೊಳ್ರಿ ಅಂತ."

ಅವನಿಗೆ ನಿಜವಾಗಿಯೂ ಗಾಬರಿಯಾಯಿತು. ಪಕ್ಕದ ಟೇಬಲ್ಲಿನವನನ್ನು ಕರೆದ. ಇಬ್ಬರೂ ಮಾತಾಡಿಕೊಂಡರು. ಹಣ ಕೊಡುವುದಕ್ಕೆ ಕಲಮು ಇದೆಯಂತೆ, ಕಡಿಮೆಯಾಯಿತು ಎಂದು ಇನ್ನಷ್ಟು ಕೇಳುವುದಕ್ಕೂ ಕಲಮು ಇದೆಯಂತೆ, ವಾಪಸ್ಸು ತೆಗೆದುಕೊಳ್ಳುವುದಕ್ಕೆ ಯಾವ ಕಲಮು ಎಂದು ಗೊತ್ತಿಲ್ಲವಂತೆ. ಸರ್ವೆ ಆಫೀಸಿಗೆ ಹೋಗಿ ಎಂದರು. ಸರ್ವೆಯವರು ತಹಸೀಲಿಗೆ ಹೋಗಿ ಎಂದರು. ತಹಸೀಲಿನವರು, ಸ್ವಾಧೀನವಾದ ಜಮೀನಿಗೆ ನಾವು ಕೈ ಹಾಕುವುದಿಲ್ಲ, ಅಲ್ಲಿಗೇ ಹೋಗಿ ಎಂದರು. ಎಲ್ಲ ಕಡೆ ಕಡೆಯ ಮಾತು ಒಂದೇ: "ನೀವ್ ನೀವೇ ಬಗೆಹರಿಸಿಕೊಳ್ರಿ."

ಬಸ್ಸಿನಲ್ಲಿ ಕಾಕಾ ನನ್ನ ಹಿಂದಿನ ಸೀಟಿನಲ್ಲಿ ಕೂತಿದ್ದರು. ಇಳಿಯುವಾಗ ಕೇಳಿದರು, "ಮತ್ತ ಯಾವಾಗ ಹೋಗೂಣವ್ವಾ?" ನನಗೆ ಅಲ್ಲೇ ರಸ್ತೆಯಲ್ಲಿ ಕೂತು ಬಿಡಬೇಕೆನಿಸಿತು.

ಶಿವಕಾಂತಾ


ಖಜೂರಿ
5 ನವೆಂಬರ್ 2023

ಶಿವಕಾಂತಾ,

ದೀಪಾವಳಿಗೆ ಊರಿಗೆ ಬರಲಾಗುವುದಿಲ್ಲ. ಹೋದ ವಾರ ಬಂದಿದ್ದೆ, ನೀನು ಇಜೇರಿಗೆ ಹೋಗಿದ್ದೆ ಎಂದರು.

ನಾನು ಬಂದ ದಿನ ಬೆಳೆ ಸಮೀಕ್ಷೆಯವನು ಬಂದಿದ್ದ. ಯಾರ ಹೊಲದಲ್ಲಿ ಏನು ಬೆಳೆದಿದೆ ಎಂದು ಫೋನಿನಲ್ಲಿ ಫೋಟೊ ಹಿಡಿಯುವ ಕೆಲಸ. ಎರಡನೇ ಹಿಸ್ಸಾ ಎಂದು ಒತ್ತಿದರೆ, ಹೊಲದ ನಡುವೆ ನಿಂತು ಫೋಟೊ ತೆಗೆಯಿರಿ ಎಂದು ಫೋನು ಹೇಳಿತಂತೆ. ಆ ನಡುವೆ ಎಂದರೆ ಕಾಲುವೆ. ದಂಡೆಯ ಮೇಲೆ ನಿಂತು ತೆಗೆದರೆ ಫೋನು ಒಪ್ಪುತ್ತಿಲ್ಲ. ಅವನು ಅತ್ತ ಹೋಗಿ ಇತ್ತ ಹೋಗಿ ಸುಸ್ತಾಗಿ ಅಪ್ಪನ ಹತ್ತಿರ ಬಂದು, "ಕಾಕಾ, ಏನ್ ಮಾಡೂದ್ರಿ?" ಎಂದು ಕೇಳಿದ.

"ಈಜು ಬರ್ತದೇನು?" ಅಂದರು ಅಪ್ಪ.

ನಾನು ನಕ್ಕೆ. ಅಪ್ಪ ನಗಲಿಲ್ಲ. ಸರ್ಕಾರದ ಲೆಕ್ಕದಲ್ಲಿ ಆ ಕಾಲುವೆಯಲ್ಲಿ ಈಗಲೂ ನಮ್ಮ ತೊಗರಿ ಬೆಳೆಯುತ್ತಿದೆ.

ಜೇವರ್ಗಿಯ ವಕೀಲರನ್ನು ಕಂಡೆವು. ಲೋಕ ಅದಾಲತ್ತಿನಲ್ಲಿ ನೀನೂ ಅಪ್ಪನೂ ರಾಜಿ ಪತ್ರಕ್ಕೆ ಸಹಿ ಮಾಡಿದರೆ, ನಿನ್ನ ಖಾತೆಯಿಂದ ಅಪ್ಪನ ಖಾತೆಗೆ ಹಣ ಹೋಗುವಂತೆ ಮಾಡುತ್ತೇನೆ ಎಂದರು. ಅಪ್ಪ ಎಲ್ಲ ಕೇಳಿಸಿಕೊಂಡು ಹೇಳಿದ್ದು: "ನನಗೂ ಶಿವಕಾಂತವ್ವಗೂ ಜಗಳನೇ ಇಲ್ರಿ. ಇಲ್ಲದ ಜಗಳ ಹೆಂಗ ರಾಜಿ ಮಾಡ್ತೀರಿ?"

ವಕೀಲರು ಪೆನ್ನು ಕೆಳಗಿಟ್ಟರು. ಅವರ ಪ್ರಕಾರ ನಿಮ್ಮಿಬ್ಬರಿಗೆ ಜಗಳ ಇಲ್ಲದಿರುವುದೇ ತೊಂದರೆ. ಒಬ್ಬರ ಮೇಲೊಬ್ಬರು ದಾವೆ ಹೂಡಿದರೆ ಕೋರ್ಟು ಕಣ್ಣು ಬಿಟ್ಟು ನೋಡುತ್ತದೆ. ಇಬ್ಬರೂ ಒಂದೇ ಮಾತು ಹೇಳಿದರೆ ಯಾರ ಕಿವಿಗೂ ಬೀಳುವುದಿಲ್ಲ. ಅಪ್ಪ ಅದಕ್ಕೆ ಒಪ್ಪಲಿಲ್ಲ, ನಾನೂ ಒಪ್ಪಲಿಲ್ಲ. ಬೇರೆ ದಾರಿ ಹುಡುಕೋಣ. ಮೇಲಿನವರಿಗೆ ಬರೆಯುತ್ತೇನೆ.

ಮಧು


ಖಜೂರಿ
19 ಜನವರಿ 2024

ಶಿವಕಾಂತಾ,

ಕೋರ್ಟಿನಿಂದ ಅಪ್ಪನಿಗೆ ಸಮನ್ಸು ಬಂದಿದೆ. ವಾದಿ ನೀನು. ಒಂದನೇ ಪ್ರತಿವಾದಿ ಸರ್ಕಾರ, ಎರಡನೇ ಪ್ರತಿವಾದಿ ದಶರಥ.

ಕೋರ್ಟಿನ ಅಮೀನ ಮನೆ ಬಾಗಿಲಲ್ಲಿ ಹೆಸರು ಕೂಗಿ ಕರೆದನಂತೆ. ಅಪ್ಪ ಫೋನಿನಲ್ಲಿ ನನ್ನನ್ನು ಕೇಳಿದರು, "ಪ್ರತಿವಾದಿ ಅಂದ್ರ ಏನ್ ಮಾಡಿದಾಂವ?" ಇಷ್ಟು ವರ್ಷದಿಂದ ಕನ್ನಡ ಕಲಿಸುತ್ತಿದ್ದೇನೆ, ಉತ್ತರ ಹೇಳಲು ಆಗಲಿಲ್ಲ.

ನನಗೆ ಒಂದು ಮಾತು ಹೇಳಿ ಮಾಡಬಹುದಿತ್ತು. ಇನ್ನು ನನಗೆ ಬರೆಯಬೇಡ.

ಮಧುಮತಿ


ನೆಲೋಗಿ
4 ಫೆಬ್ರುವರಿ 2024

ಮಧು,

ಬರೆಯಬೇಡ ಎಂದಿದ್ದೀ. ಬರೆಯುತ್ತಿದ್ದೇನೆ. ಬೇಕಾದರೆ ಹರಿದು ಹಾಕು.

ನೀನು ಮೇಲಿನವರಿಗೆ ಬರೆದೆ. ಏನಾಯಿತು? ನಿನ್ನ ಅರ್ಜಿ ಅವರಿಂದ ಇವರಿಗೆ, ಇವರಿಂದ ಅದೇ ಗುಮಾಸ್ತನ ಟೇಬಲ್ಲಿಗೆ ಬಂದು ಕೂತಿತು, ನಾನೇ ಕಣ್ಣಾರೆ ನೋಡಿ ಬಂದೆ. ನಿನಗೆ ತಿಂಗಳು ತಿಂಗಳು ಸಂಬಳ ಬರುತ್ತದೆ. ಅದನ್ನು ಚುಚ್ಚಲು ಹೇಳುತ್ತಿಲ್ಲ, ಇದ್ದದ್ದು ಹೇಳುತ್ತಿದ್ದೇನೆ. ನಾನು ಸೊಸೈಟಿಯಿಂದ ಬೀಜ ಗೊಬ್ಬರ ತರಲಾಗದೆ ಅರ್ಧ ಹೊಲ ಬೀಳು ಬಿಟ್ಟಿದ್ದೇನೆ. ಹೊಲ ಅಳಿದರೆ ನನ್ನ ಮಗಳು ಅನುರಾಧಾಳಿಗೆ ಏನು ಬಿಡಲಿ, ಸರ್ಕಾರಿ ಜಮೀನಿನಲ್ಲಿ ಉಳುವ ಹಕ್ಕೇ? ಧರ್ಮರಾಜ ದಿನಾ ಸಂಜೆ ಒಂದೇ ಮಾತು ಕೇಳುತ್ತಾನೆ: "ಆ ಮುದುಕನ ಹೆಸರಿನ ಹುಚ್ಚಿಗಿ ನಾವ್ ಯಾಕ ಸಾಯಬೇಕು?" ನಾನು ಅವನಿಗೆ ಎದುರು ಮಾತಾಡಿದ್ದೇನೆ. ಎಷ್ಟು ದಿನ ಆಡಲಿ?

ನಿಮ್ಮನ್ನು ಕೇಳಿದ್ದರೆ ಬೇಡ ಅನ್ನುತ್ತಿದ್ದಿರಿ. ಅದಕ್ಕೇ ಕೇಳಲಿಲ್ಲ.

ದಾವೆಯಲ್ಲಿ ಏನು ಬರೆಸಿದ್ದೇನೆ ಎಂದು ಓದಿದೆಯಾ? ಕಾಲುವೆ ನನ್ನ ಹೊಲದಲ್ಲಿಲ್ಲ, ದಶರಥ ಅವರ ಹೊಲದಲ್ಲಿದೆ, ನನಗೆ ಬಂದ ಹಣ ನನ್ನದಲ್ಲ ಎಂದು ಬರೆಸಿದ್ದೇನೆ. ಹೀಗೆ ಬರೆಸುವ ವಾದಿಯನ್ನು ತಾನು ನೋಡಿಲ್ಲ ಎಂದು ವಕೀಲರೇ ಅಂದರು. ಪ್ರತಿವಾದಿ ಎಂಬ ಮಾತು ಬಿಟ್ಟರೆ ಅದರಲ್ಲಿ ಕಾಕಾನ ವಿರುದ್ಧ ಒಂದಕ್ಷರವೂ ಇಲ್ಲ. ಆದರೆ ಆ ಮಾತೇ ಅವರಿಗೆ ತಾಗಿತು ಎಂದು ಗೊತ್ತು. ಅವರು ಈಗ ನನ್ನನ್ನು ಕಂಡರೆ ಬೇರೆ ದಾರಿ ಹಿಡಿಯುತ್ತಾರೆ.

ಶಿವಕಾಂತಾ


ನೆಲೋಗಿ
9 ಜೂನ್ 2024

ಮಧು,

ಹಿಂದಿನದಕ್ಕೆ ಉತ್ತರ ಬರಲಿಲ್ಲ. ಇದು ಜಗಳದ ಕಾಗದವಲ್ಲ, ಸುದ್ದಿ.

ಕೋರ್ಟಿನವರು ಅಳತೆಗೆ ಹೇಳಿದ್ದರು. ಹೋದ ತಿಂಗಳು ಸರ್ವೆಯರು ಬಂದರು. ಬೇಸಿಗೆಯಾದ್ದರಿಂದ ಕಾಲುವೆ ಬತ್ತಿತ್ತು. ಈಗಿನವರ ಹತ್ತಿರ ಸರಪಳಿ ಇಲ್ಲ, ಕೋಲಿನ ತುದಿಗೆ ಬಿಳಿ ಡಬ್ಬಿಯಂಥ ಯಂತ್ರ. ಎರಡೂ ಕಡೆಯವರು ಇರಬೇಕೆಂದು ಕಾಕಾನೂ ಬಂದಿದ್ದರು. ನಾನು ಈ ದಂಡೆಯಲ್ಲಿ, ಅವರು ಆ ದಂಡೆಯಲ್ಲಿ. ಬಿಸಿಲು ಎಂಥದೆಂದರೆ ಯಂತ್ರವೇ ಎರಡು ಸಲ ನಿಂತುಹೋಯಿತು.

ಹಳೆಯ ಬದುವಿನ ಗುರುತು ಕೇಳಿದಾಗ ಇಬ್ಬರೂ ಒಟ್ಟಿಗೆ ಬೆರಳು ತೋರಿಸಿದೆವು, ಒಂದೇ ಕಡೆ. ಸರ್ವೆಯರು ನಮ್ಮಿಬ್ಬರ ಮುಖ ನೋಡಿ, "ಹಂಗಾರ ಕೇಸ್ ಯಾತಕ್ಕ ಹಾಕೀರಿ?" ಎಂದು ಕೇಳಿದರು. ಯಾರು ಹೇಳಬೇಕು? 

ಮಧ್ಯಾಹ್ನ ಬೇವಿನ ನೆರಳಿಗೆ ಬಂದೆವು. ನಾನು ಬುತ್ತಿ ತಂದಿರಲಿಲ್ಲ. ಕಾಕಾ ಗಂಟು ಬಿಚ್ಚುತ್ತ, ನನ್ನ ಕಡೆ ನೋಡದೆ, "ಊಟ ಆಗ್ಯದೇನವ್ವಾ?" ಅಂದರು. ಇಲ್ಲ ಎಂದೆ. ಎರಡು ರೊಟ್ಟಿ, ಶೇಂಗಾ ಹಿಂಡಿ, ಪುಂಡಿಪಲ್ಲೆ ಇಟ್ಟು ಕೊಟ್ಟರು. ತಿಂದೆ. 

ಅಳತೆಯ ವರದಿ ಬಂದಿದೆ. ಕಾಲುವೆ ಪೂರ್ತಿ ಎರಡನೇ ಹಿಸ್ಸಾದಲ್ಲಿದೆ. ಊರಿನ ಎಮ್ಮೆಗಳಿಗೂ ಗೊತ್ತಿದ್ದ ಸಂಗತಿ ಈಗ ಸರ್ಕಾರಕ್ಕೂ ಗೊತ್ತಾಗಿದೆ.

ಶಿವಕಾಂತಾ


ಖಜೂರಿ
15 ಸೆಪ್ಟೆಂಬರ್ 2024

ಶಿವಕಾಂತಾ,

ಪುಂಡಿಪಲ್ಲೆಗೆ ಉಪ್ಪು ಹೆಚ್ಚಾಗಿತ್ತೇನೋ ಎಂದು ಅವ್ವ ಆಗಿನಿಂದ ಕೇಳುತ್ತಿದ್ದಾಳೆ.

ನಿನ್ನ ಎರಡು ಕಾಗದಗಳೂ ನನ್ನ ಹತ್ತಿರ ಇವೆ. ಹರಿದಿಲ್ಲ. ಸಂಬಳದ ಮಾತು ಓದಿ ಸಿಟ್ಟು ಬಂದಿತ್ತು. ಆಮೇಲೆ ಆ ಸಿಟ್ಟು ಎಲ್ಲಿ ಹೋಯಿತೋ ತಿಳಿಯಲಿಲ್ಲ. ನೀನು ದಾವೆ ಹಾಕದಿದ್ದರೆ ಆ ಯಂತ್ರ ಹೊಲಕ್ಕೆ ಬರುತ್ತಿರಲಿಲ್ಲ, ಅಷ್ಟು ಒಪ್ಪುತ್ತೇನೆ.

ಅದಾಲತ್ತಿನಲ್ಲಿ ಸರ್ಕಾರಿ ವಕೀಲರು ತಪ್ಪು ಒಪ್ಪಿಕೊಂಡದ್ದು ನಿನಗೆ ಗೊತ್ತೇ ಇದೆ. ನಿನ್ನ ಹಣ ಕೋರ್ಟಿಗೆ ಕಟ್ಟಬೇಕು, ಸರ್ಕಾರ ನಿನ್ನ ಹಿಸ್ಸಾವನ್ನು ನಿನಗೆ ಬಿಟ್ಟುಕೊಡಬೇಕು, ನಮ್ಮದಕ್ಕೆ ಹೊಸದಾಗಿ ಅಧಿಸೂಚನೆ ಹೊರಡಿಸಿ ಮೊದಲಿನಿಂದ ಸ್ವಾಧೀನ ಮಾಡಬೇಕು ಎಂದು ತೀರ್ಮಾನವಾಯಿತಲ್ಲ. ಆ ನೋಟೀಸು ಅಪ್ಪನ ಹೆಸರಿಗೆ ಬಂದಿದೆ. ಹೋದ ಭಾನುವಾರ ನಾನು ಮನೆಯಲ್ಲಿದ್ದೆ. ಓದು ಎಂದರು. ತಂದೆಯ ಹೆಸರು, ಊರು, ಹಿಸ್ಸಾ ನಂಬರು, ನಾಲ್ಕು ದಿಕ್ಕಿನ ಚಕ್ಕುಬಂದಿ, ಎಲ್ಲ ಸರಿಯಾಗಿತ್ತು. ಸಾರ್ವಜನಿಕ ಉದ್ದೇಶಕ್ಕೆ ಸದರಿ ಜಮೀನು ಬೇಕಾಗಿದೆ, ಆಕ್ಷೇಪಣೆ ಇದ್ದಲ್ಲಿ ಎರಡು ತಿಂಗಳೊಳಗೆ ಸಲ್ಲಿಸತಕ್ಕದ್ದು ಎಂದಿತ್ತು.

"ಕಡೀಕಿಂದು ಮತ್ತೊಮ್ಮೆ ಓದು" ಅಂದರು. ಓದಿದೆ.

"ಅಂದ್ರ ಕೊಡ್ತೀಯೋ ಇಲ್ಲೋ ಅಂತ ಕೇಳ್ಯಾರ."

ಅದು ಬರೀ ಪದ್ಧತಿ, ಎಲ್ಲರಿಗೂ ಹಾಗೇ ಬರೆಯುತ್ತಾರೆ, ಸುಮ್ಮನಿದ್ದರೆ ತಾನೇ ಮುಂದೆ ಹೋಗುತ್ತದೆ ಎಂದು ಹೇಳಿದೆ.

"ಸುಮ್ನ ಯಾಕ ಇರಬೇಕು? ನನಗ ಕೊಡೂ ಮನಸಿಲ್ಲ. ಆಕ್ಷೇಪಣೆ ಬರಿ" ಅಂದರು.

ಶಿವಕಾಂತಾ, ನಾನು ಒಂದು ಗಂಟೆ ತಿಳಿಸಿ ಹೇಳಿದೆ. ಕಾಲುವೆ ಹರಿಯುತ್ತಿದೆ, ಅದು ಹಿಂದೆ ಹೋಗುವುದಿಲ್ಲ, ಆಕ್ಷೇಪಣೆ ಹಾಕಿದರೆ ವಿಚಾರಣೆಯಾಗಬೇಕು, ಮತ್ತೆ ತಿಂಗಳುಗಟ್ಟಲೆ ಬೀಳುತ್ತದೆ, ನಿನ್ನ ಹಿಸ್ಸಾ ಬಿಡುವುದೂ ಅದರ ಜೊತೆಗೇ ನಿಲ್ಲುತ್ತದೆ ಎಂದೆ. ಕೇಳಿಸಿಕೊಂಡರು, ಬೀಡಿ ಹಚ್ಚಿದರು. "ನೀ ಬರಿಯದಿದ್ರ ಬ್ಯಾರೆದವರ ಕಡಿಂದ ಬರಸ್ತೇನಿ."

ನಾನೇ ಬರೆದೆ. ನಾನು ಹೇಳದೆ ನಿನಗೆ ಗೊತ್ತಾಗುವುದು ಬೇಡ ಎಂದು ಇದನ್ನೂ ಬರೆಯುತ್ತಿದ್ದೇನೆ.

ಮಧುಮತಿ


ನೆಲೋಗಿ
2 ಅಕ್ಟೋಬರ್ 2024

ಮಧು,

ನನಗೆ ಸಾಕಾಗಿದೆ. ಕಾಗದ ಓದಿದ ದಿನ ಧರ್ಮರಾಜನಿಗೆ ಹೇಳಲು ಧೈರ್ಯ ಬರಲಿಲ್ಲ. ಹೇಳಿದ ದಿನ ಅವನು ತಟ್ಟೆ ತಳ್ಳಿ ಎದ್ದು ಹೋದ. ಅವನದು ತಪ್ಪು ಎಂದು ನಾನು ಹೇಳುವುದಿಲ್ಲ. ಗೆದ್ದ ಕೇಸು ಇದು, ಮಧು. ಇನ್ನೇನು ಕೈಗೆ ಬಂತು ಅನ್ನುವಾಗ ನಿಮ್ಮಪ್ಪ ಕಾಲು ಅಡ್ಡ ಹಾಕುತ್ತಾರೆ. ಅದಕ್ಕೆ ನೀನು ಒಳ್ಳೆಯ ಕನ್ನಡದಲ್ಲಿ ಆಕ್ಷೇಪಣೆ ಬರೆದುಕೊಡುತ್ತೀಯ.

ಸಿಟ್ಟಿನಲ್ಲೇ ನಿಮ್ಮ ಮನೆಗೆ ಹೋದೆ. ಓಣಿಯಲ್ಲಿ ಯಾರು ನೋಡಿದರೆ ನೋಡಲಿ ಎಂದುಕೊಂಡೆ.

"ಕಾಕಾ, ಏನ್ ಮಾಡಾಕತ್ತೀರಿ ನೀವು? ಕಾಲುವಿ ಮುಚ್ಚಸ್ತೀರೇನು?"

"ಮುಚ್ಚಾಕ ಯಾರಿಗಾಗ್ತದವ್ವಾ. ನಿನ್ನ ಹೊಲಕ್ಕೂ ಅದರ ನೀರೇ ಬರ್ತದ."

"ಮತ್ತ ಯಾಕ್ರಿ ಈ ಹಟ?"

"ಹಟ ಅಲ್ಲವ್ವಾ. ಜೆಸಿಬಿ ಬಂದಾಗ ನಾ ಬದುವಿನ ಮ್ಯಾಲ ನಿಂತಿದ್ದೆ. ಡ್ರೈವರ ಆ ಕಡಿ ಸರೀ ಅಂದ, ಸರದೆ. ಅಷ್ಟ ಮಾತು ನನ್ನ ಕೂಡ ಆಡಿದ್ದು. ಈಗ ನನ್ನ ಹೆಸರು ಬರದು ಕೇಳ್ಯಾರ. ಕೇಳಿದವರಿಗಿ ಖರೆ ಹೇಳಬೇಕಲ್ಲ?"

"ನೀವು ಹೂಂ ಅಂದ್ರೂ ಅವರು ತಗೋತಾರ, ಇಲ್ಲ ಅಂದ್ರೂ ತಗೋತಾರ."

"ತಗೊಳ್ಳಿ ಬಿಡು. ನಾ ಹೂಂ ಅಂದೆ ಅಂತ ಮಾತ್ರ ಅನ್ನಬಾರದು."

ನನ್ನ ಬದುಕು ಇದರ ನಡುವೆ ಸಿಕ್ಕಿಕೊಂಡಿದೆ, ಅದು ನಿಮಗೆ ಕಾಣುವುದಿಲ್ಲವೇ ಎಂದು ಕೇಳಬೇಕೆಂದಿದ್ದೆ. ಕೇಳಿದೆ ಕೂಡ. ಅವರು "ಕಾಣ್ತದವ್ವಾ. ಅದಕ್ಕ ನಿದ್ದಿ ಬರವಲ್ದು" ಅಂದರು. ಆಕ್ಷೇಪಣೆ ವಾಪಸ್ಸು ತೆಗೆದುಕೊಳ್ಳುತ್ತೇನೆ ಎಂದು ಮಾತ್ರ ಅನ್ನಲಿಲ್ಲ.

ಇಷ್ಟು ಸಿಟ್ಟು ನನಗೆ ಆ ಗುಮಾಸ್ತನ ಮೇಲೂ ಬಂದಿರಲಿಲ್ಲ. ಇದರಲ್ಲಿ ಅವರು ಹೇಳುವುದು ತಪ್ಪು ಎನ್ನಲು ಬರುತ್ತಿಲ್ಲ, ಅದಕ್ಕೇ ಇನ್ನೂ ಸಿಟ್ಟು.

ಶಿವಕಾಂತಾ


ಖಜೂರಿ
24 ನವೆಂಬರ್ 2024

ಶಿವಕಾಂತಾ,

ವಿಚಾರಣೆ ಡಿಸೆಂಬರ್ ಆರಕ್ಕೆ. ಆ ದಿನ ಅಂಬೇಡ್ಕರರ ಪರಿನಿಬ್ಬಾಣ ದಿನ, ಅಪ್ಪ ಊರು ಬಿಟ್ಟು ಹೋಗುವವರಲ್ಲ, ಆದರೂ ಹೋಗುತ್ತೇನೆ ಎನ್ನುತ್ತಿದ್ದಾರೆ. ನನ್ನನ್ನು ಅದೇ ವಾರ ಆಳಂದಕ್ಕೆ ತರಬೇತಿಗೆ ಹಾಕಿದ್ದಾರೆ. ಬಿಡಿಸಿಕೊಳ್ಳಲು ಎಲ್ಲ ಪ್ರಯತ್ನ ಮಾಡಿದೆ, ಆಗಲಿಲ್ಲ.

ಅವರೊಬ್ಬರೇ ಹೋಗುವುದು ನನಗೆ ಇಷ್ಟವಿಲ್ಲ. ನಿನ್ನನ್ನು ಕೇಳುವ ಮುಖವೂ ನನಗಿಲ್ಲ. ಕೇಳುತ್ತಿದ್ದೇನೆ.

ಮಧು


ನೆಲೋಗಿ
16 ಮಾರ್ಚ್ 2025

ಮಧು,

ಪರಿಹಾರದ ಆದೇಶ ಕಾಕಾನ ಹೆಸರಿಗೆ ಬಂದ ಸುದ್ದಿ ನಿನಗೆ ಮನೆಯಿಂದ ತಿಳಿದಿರುತ್ತದೆ. ನನ್ನ ಪಹಣಿಯಲ್ಲೂ ನನ್ನ ಹೆಸರು ಬಂತು. ಅದನ್ನು ಹಿಡಿದು ಸೊಸೈಟಿಗೆ ಹೋದರೆ ಸೆಕ್ರೆಟರಿ ಈ ಹಂಗಾಮಿನ ಸಾಲ ಮುಗಿದಿದೆ, ಜೂನಿಗೆ ಬನ್ನಿ ಅಂದ. ಹೊರಗೆ ಬಂದೆ. ಎರಡು ವರ್ಷ ಬೀಳುಬಿದ್ದ ಭಾಗದಲ್ಲಿ ಜಾಲಿ ಎದ್ದಿದೆ, ಧರ್ಮರಾಜ ಕಡಿಯುತ್ತಿದ್ದಾನೆ. ಇದಕ್ಕೆಲ್ಲ ಪರಿಹಾರ ಕೊಡುವ ಕಲಮು ಯಾವುದೂ ಇಲ್ಲ, ವಕೀಲರನ್ನು ಕೇಳಿಯೂ ಆಯಿತು.

ವಿಚಾರಣೆಯ ದಿನದ್ದನ್ನು ಬರೆ ಎಂದು ನೀನು ಎಷ್ಟು ಸಲ ಹೇಳಿ ಕಳಿಸಿದೆ. ಕಾಕಾನನ್ನು ಕೇಳಿದರೆ "ಹೋಗಿದ್ದೆ, ಬಂದೆ" ಅಂದರಂತೆ. ಅದಕ್ಕೇ ಇವತ್ತು ಕೂತಿದ್ದೇನೆ.

ಅವರು ಬೆಳಿಗ್ಗೆ ಊರಲ್ಲಿ ಬಾಬಾಸಾಹೇಬರ ಫೋಟೊಕ್ಕೆ ಹೂ ಹಾಕಿ ಬಸ್‌ಸ್ಟ್ಯಾಂಡಿಗೆ ಬಂದರು. ಬಿಳಿ ಅಂಗಿ, ತೊಳೆದ ಧೋತರ. ನಾನು ಬಸ್ಸಿನಲ್ಲಿ ಕಿಟಕಿಯ ಕಡೆ ಸರಿದು ಪಕ್ಕದಲ್ಲಿ ಜಾಗ ಬಿಟ್ಟೆ. ಕೂತರು. ದಾರಿಯುದ್ದಕ್ಕೂ ನಾನು ಸಿಟ್ಟಿನಲ್ಲೇ ಇದ್ದೆ, ಸುಳ್ಳು ಯಾಕೆ ಹೇಳಲಿ.

ಆಫೀಸಿನಲ್ಲಿ ಹೊಸ ಅಧಿಕಾರಿ, ಚಿಕ್ಕ ವಯಸ್ಸಿನ ಹೆಣ್ಣುಮಗಳು, ನಮ್ಮ ಕಡೆಯವಳಲ್ಲ. ಹೆಸರು ಕರೆದರು. ಕಾಕಾ ಹೋಗಿ ನಿಂತರು. ಕೂತುಕೊಳ್ಳಿ ಎಂದರೂ ಕೂತುಕೊಳ್ಳಲಿಲ್ಲ.

"ನಿಮ್ಮ ಆಕ್ಷೇಪಣೆ ಏನು ಹೇಳಿ."

"ನಾ ಭೂಮಿ ಕೊಡೂದಿಲ್ರಿ."

ಆಕೆ ನಕ್ಷೆ ನೋಡಿದಳು, ಇವರನ್ನು ನೋಡಿದಳು. "ಕಾಲುವೆ ಆಗಲೇ ಹರೀತಾ ಇದೆಯಲ್ಲ ಅಜ್ಜಾ. ರೇಟು ಕಡಿಮೆ ಆಯ್ತು ಅಂತಾನಾ? ಹಾಗಿದ್ರೆ ಅದನ್ನ ಬರ್ಕೋತೀನಿ."

"ರೇಟಿನ ಮಾತು ಅಲ್ರಿ. ಕಾಲುವಿ ಹೋಗ್ಯದಲ್ಲ, ಆ ಜಾಗದಾಗಷ್ಟ ನನಗ ಛಲೋ ಕರಿ ಎರಿ ಭೂಮಿ ಇತ್ತು. ಉಳಿದದ್ದು ಮಸಾರಿ, ಕಲ್ಲು. ನಾ ಕೊಂಡಾಗ ಎಲ್ಲಾ ಕಲ್ಲೇ ಇತ್ರಿ. ನಾನೂ ನನ್ನ ಹೆಣ್ತಿ ಅಂಬುಬಾಯಿನೂ ಆರಿಸಿ ಆರಿಸಿ ಬದುವಿಗಿ ಹಾಕೀವಿ. ಆಕಿ ಹೊಟ್ಟಿಲೆ ಇದ್ಳು ಆಗ. ಈಗ ಟೀಚರ್ ಇದ್ದಾಳ ಆ ಮಗಳು. ಮೊದಲನೇ ವರ್ಷ ತೊಗರಿ ಬಂದಾಗ ನಾ ಯಾರಿಗೂ ಮಾರಲಿಲ್ರಿ. ಎಲ್ಲಾ ಮನಿಗೇ ಒಯ್ದೆ. ಮನಿ ತುಂಬ ತೊಗರಿ. ಮಲಗಾಕ ಜಾಗ ಇರಲಿಲ್ಲ."

ಇದು ನಿನಗೆ ಗೊತ್ತಿತ್ತಾ, ಮಧು? ನನಗೆ ಗೊತ್ತಿರಲಿಲ್ಲ. ಬದುವಿನ ಈಚೆಯೇ ನಾನು ಬೆಳೆದವಳು.

ಆಕೆ ಬರೆಯುವುದನ್ನು ನಿಲ್ಲಿಸಿ ಕೇಳುತ್ತಿದ್ದಳು. ಹಿಂದೆ ಸರದಿಯಲ್ಲಿ ನಿಂತವರು ಗೊಣಗಿದರು. ನಾನು ತಿರುಗಿ, "ಮಾತಾಡಾಕತ್ತಾರಲ್ರಿ, ತಡೀರಿ" ಅಂದೆ. ನನ್ನ ಕೆಲಸ ಕೆಡಿಸಿದ ಮನುಷ್ಯನ ಪರವಾಗಿ ನಾನೇ ಜಗಳಕ್ಕೆ ನಿಂತಿದ್ದೆ.

"ನೀವು ಯಾರು?" ಎಂದು ಅಧಿಕಾರಿ ಕೇಳಿದಳು.

"ಬಾಜೂ ಹೊಲದಾಕಿರಿ" ಅಂದೆ.

ಆಮೇಲೆ ಆಕೆ ನಿಧಾನವಾಗಿ ಹೇಳಿದಳು. "ಅಜ್ಜಾ, ನಿಮ್ಮ ಮಾತು ಪೂರ್ತಿ ಕೇಳಿದೀನಿ. ಆದ್ರೆ ನಿಮ್ಮ ಆಕ್ಷೇಪಣೆನ ನಾನು ತಿರಸ್ಕರಿಸಲೇಬೇಕಾಗುತ್ತೆ. ಕಾಲುವೇನ ಬೇರೆ ಕಡೆ ತಿರುಗಿಸೋಕೆ ಆಗಲ್ಲ."

ಕಾಕಾ ತಲೆಯಾಡಿಸಿದರು. ಬಗ್ಗಿ, ಆಕೆ ಬರೆದ ಹಾಳೆಯ ಮೇಲೆ ಬೆರಳಿಟ್ಟರು.

"ನಾ ಕೊಡೂದಿಲ್ಲ ಅಂದಿದ್ದು ಇದರಾಗ ಬರದೀರೇನ್ರಿ?"

"ಬರೆದಿದೀನಿ."

"ಓದ್ರಿ."

ಆಕೆ ಓದಿದಳು. ನೆಲೋಗಿಯ ದಶರಥ ಎಂಬುವರು ಖುದ್ದು ಹಾಜರಾಗಿ, ತಮ್ಮ ಜಮೀನನ್ನು ಕೊಡಲು ತಮಗೆ ಮನಸ್ಸಿಲ್ಲವೆಂದು ತಿಳಿಸಿರುತ್ತಾರೆ, ಎಂದು.

ಕಾಕಾ ಆಕೆಯ ಪೆನ್ನು ಇಸಕೊಂಡು, ಅಕ್ಷರ ಅಕ್ಷರ ಕೂಡಿಸಿ ಸಹಿ ಮಾಡಿದರು.

"ಹಂಗಾರ ತಗೊಳ್ರಿ" ಅಂದರು.

ಶಿವಕಾಂತಾ